ಕೆಜಿಎಫ್ ಎಂಬ ಸದ್ದು, ಕೆಜಿಎಫ್ ಎಂಬ ಊರು

ಕನ್ನಡದಲ್ಲಿ ಸಿನಿಮಾ ಸಂಗೀತದ ವಿಮರ್ಶೆ ಎಂದರೆ ಹಾಡಿನ ವಿಮರ್ಶೆ ಎಂದೇ ಆಗಿಬಿಟ್ಟಿದೆ. ಸಾಹಿತ್ಯ ಯಾರದ್ದು, ರಾಗ ಯಾವುದು, ಹಾಡಿದವರು ಹೇಗೆ ಹಾಡಿದರು ಎಂದೆಲ್ಲ ಮಾತಾಡಿದ ಮೇಲೆ ಕೊನೆಗೆ ಒಂದು ಸಾಲು ಉಳಿಯುತ್ತದೆ: ‘ಹಿನ್ನೆಲೆ ಸಂಗೀತ ಕಥೆಗೆ ಪೂರಕವಾಗಿದೆ.’ ರವಿ ಬಸ್ರೂರು ಅವರ ವಿಷಯಕ್ಕೆ ಬಂದರೆ ಈ ಲೆಕ್ಕ ತಲೆಕೆಳಗಾಗುತ್ತದೆ. ಅವರ ಹಾಡುಗಳ ಪಲ್ಲವಿ ಮರೆತವರಿಗೂ ಅವರ ಹಿನ್ನೆಲೆ ಸಂಗೀತ ನೆನಪಿದೆ. ಕನ್ನಡದ ಸಂಗೀತ ನಿರ್ದೇಶಕರೊಬ್ಬರು ಹಾಡಿನಿಂದಲ್ಲದೆ ಹಿನ್ನೆಲೆಯ ಸದ್ದಿನಿಂದ ದೇಶಕ್ಕೆಲ್ಲ ಗೊತ್ತಾಗಿದ್ದು ಇದೇ ಮೊದಲಿರಬೇಕು. ಹಾಗಾಗಿ ಆ ಕೊನೆಯ ಸಾಲನ್ನೇ ಹಿಗ್ಗಿಸಿ ಬರೆಯಬೇಕಾಗಿದೆ.

ಹೀಗೆ ಬರೆಯಲು ನನಗೆ ಇನ್ನೊಂದು ಕಾರಣವೂ ಇದೆ. ನಾನು ಹುಟ್ಟಿ ಬೆಳೆದದ್ದು ಬಂಗಾರಪೇಟೆಯಲ್ಲಿ. ಊರಿನ ಹೆಸರು ಹೇಳಿದರೆ ಹಿಂದೆಲ್ಲ ಜನ ‘ಓ, ಪಾನಿಪುರಿ’ ಅನ್ನುತ್ತಿದ್ದರು, ಇಲ್ಲವೇ ರೈಲ್ವೆ ಜಂಕ್ಷನ್ ನೆನಪಿಸಿಕೊಳ್ಳುತ್ತಿದ್ದರು. ಪಕ್ಕದ ಕೆಜಿಎಫ್ ಹೆಸರು ಹೇಳಿದರೆ ‘ಈಗಲೂ ಅಲ್ಲಿ ಚಿನ್ನ ಸಿಗುತ್ತಾ?’ ಎಂದು ಕೇಳುತ್ತಿದ್ದರು. 2018ರ ಡಿಸೆಂಬರ್ ಆದ ಮೇಲೆ ಆ ಪ್ರಶ್ನೆಯೂ ನಿಂತಿತು. ಈಗ ಹೆಸರು ಕೇಳಿದ ಕೂಡಲೇ ಎದುರಿಗಿದ್ದವರು ಮೇಜಿನ ಮೇಲೆ ಬೆರಳಿನಿಂದ ನಗಾರಿ ಬಾರಿಸುತ್ತಾರೆ. ಒಂದು ಊರಿಗೆ ಹೊರಗಿನವರು ಹೀಗೊಂದು ಸದ್ದನ್ನು ಅಂಟಿಸಿದಾಗ, ಆ ಸದ್ದಿನೊಳಗೆ ಊರು ಎಷ್ಟಿದೆ ಎಂದು ಕೇಳುವ ಹಕ್ಕು ಊರಿನವರಿಗೂ ಇದೆ ಎಂದುಕೊಂಡಿದ್ದೇನೆ.

ಮೊದಲು ಅವರು ನಡೆದು ಬಂದ ದಾರಿಯನ್ನು ನೋಡೋಣ. ಕುಂದಾಪುರದ ಹತ್ತಿರ ವಾರಾಹಿ ನದಿಯ ದಂಡೆಯಲ್ಲಿರುವ ಬಸ್ರೂರು ಅವರ ಊರು. ಅವರ ಹುಟ್ಟುಹೆಸರು ಕಿರಣ್. ಕಷ್ಟದ ದಿನಗಳಲ್ಲಿ ಕೈಹಿಡಿದವರೊಬ್ಬರ ಹೆಸರನ್ನೇ ತಮ್ಮ ಹೆಸರಾಗಿ ಮಾಡಿಕೊಂಡು ಅವರು ರವಿ ಆದರು. ಮನೆತನದ್ದು ಕುಲುಮೆಯ ಕೆಲಸ. 2020ರ ಲಾಕ್‌ಡೌನ್ ಹೊತ್ತಿನಲ್ಲಿ ಅವರು ತಂದೆಯ ಜೊತೆ ಕುಳಿತು ಲೋಹ ಬಡಿಯುತ್ತಿದ್ದ ವಿಡಿಯೊವನ್ನು ಬಹಳ ಮಂದಿ ನೋಡಿದ್ದಾರೆ. ಪ್ರಶಾಂತ್ ನೀಲ್ ಅವರ ಮೊದಲ ಸಿನಿಮಾ ‘ಉಗ್ರಂ’ 2014ರಲ್ಲಿ ಬಂತು. ಅದರ ಸಂಗೀತ ಬಸ್ರೂರು ಅವರದ್ದು. ನಿರ್ದೇಶಕರಿಗೂ ಸಂಗೀತಗಾರರಿಗೂ ಒಟ್ಟಿಗೆ ಒಂದು ಭಾಷೆ ಸಿಕ್ಕಿದ್ದು ಅಲ್ಲಿಯೇ. ಆಮೇಲೆ ‘ಕರ್ವ’, ‘ಮಫ್ತಿ’, ‘ಅಂಜನಿಪುತ್ರ’. ನಂತರ ‘ಕೆಜಿಎಫ್’ನ ಎರಡು ಭಾಗಗಳು, 2018ರಲ್ಲಿ ಒಂದು, 2022ರಲ್ಲಿ ಇನ್ನೊಂದು. 2023ರ ಕೊನೆಗೆ ‘ಸಲಾರ್’. ಇದರ ನಡುವೆ ಹಿಂದಿಯ ‘ಭೋಲಾ’, ಮಲಯಾಳಂನ ‘ಮಾರ್ಕೊ’ದಂಥ ಕರೆಗಳೂ ಬಂದವು.

‘ಉಗ್ರಂ’ನಲ್ಲಿಯೇ ಅವರ ಶೈಲಿಯ ಮೂರು ಅಂಗಗಳನ್ನು ಗುರುತಿಸಬಹುದು. ಒಂದು, ಕೆಳಗಿನ ಸ್ವರದಲ್ಲಿ ಬಿಡದೆ ಸುತ್ತುವ ತಂತಿವಾದ್ಯಗಳ ಪುಟ್ಟ ತುಣುಕು. ಎರಡು, ಅದರ ಮೇಲೆ ಬೀಳುವ ದೊಡ್ಡ ಚರ್ಮವಾದ್ಯಗಳ ಪೆಟ್ಟು. ಆ ಪೆಟ್ಟಿನ ಅಂಚಿನಲ್ಲಿ ಲೋಹದ ಕಂಪನ. ಮೂರು, ಪೆಟ್ಟಿಗೆ ಮೊದಲು ಬರುವ ನಿಶ್ಶಬ್ದ. ಈ ಮೂರನೆಯದೇ ನಿಜವಾದ ಜಾಣ್ಮೆ. ನಾಯಕ ಕೈ ಎತ್ತುವ ಮುಂಚೆ ಬಸ್ರೂರು ಎಲ್ಲವನ್ನೂ ನಿಲ್ಲಿಸುತ್ತಾರೆ. ಥಿಯೇಟರಿನಲ್ಲಿ ಫ್ಯಾನಿನ ಸದ್ದು ಕೇಳಿಸುವಷ್ಟು ಖಾಲಿ ಮಾಡಿ, ಆ ಖಾಲಿಯೊಳಗೆ ಪೆಟ್ಟು ಹಾಕುತ್ತಾರೆ. ಕುಲುಮೆಯಲ್ಲಿ ಸುತ್ತಿಗೆ ಮೇಲೆತ್ತಿದ ಗಳಿಗೆಗೂ ಅದು ಕೆಳಗಿಳಿದ ಗಳಿಗೆಗೂ ನಡುವಿನ ಬಿಡುವು ಇದು. ಅವರು ಇದನ್ನು ಎಲ್ಲಿಂದ ಕಲಿತರೋ, ನನಗಂತೂ ಹಾಗೆಯೇ ಕೇಳಿಸುತ್ತದೆ.

‘ಕೆಜಿಎಫ್’ನಲ್ಲಿ ಈ ಶೈಲಿ ಸಿನಿಮಾದ ಬೆನ್ನೆಲುಬೇ ಆಯಿತು. ಪ್ರಶಾಂತ್ ನೀಲ್ ಕಥೆಯನ್ನು ಸಲೀಸಾಗಿ ಹೇಳುವವರಲ್ಲ. ಕಾಲ ಹಿಂದೆ ಮುಂದೆ ಓಡುತ್ತದೆ, ದೃಶ್ಯಗಳು ಕ್ಷಣಕ್ಷಣಕ್ಕೂ ತುಂಡಾಗುತ್ತವೆ, ಭುವನ್ ಗೌಡ ಅವರ ಕ್ಯಾಮೆರಾ ಹಿಡಿದ ಲೋಕವೆಲ್ಲ ಮಸಿ ಬಣ್ಣದ್ದು. ಇಷ್ಟು ಚೂರುಗಳನ್ನು ಒಂದೇ ದಾರದಲ್ಲಿ ಪೋಣಿಸುವವರು ಇಬ್ಬರು: ಕಥೆ ಹೇಳುವ ಅನಂತ್ ನಾಗ್ ಅವರ ದನಿ ಮತ್ತು ಬಸ್ರೂರು ಅವರ ಸಂಗೀತ. ಟಿವಿಯ ದನಿ ಮುಚ್ಚಿ ಈ ಸಿನಿಮಾದ ಹತ್ತು ನಿಮಿಷ ನೋಡಿ. ಜನ ಓಡಾಡುತ್ತಾರೆ, ಧೂಳು ಏಳುತ್ತದೆ, ಆದರೆ ಯಾರು ದೊಡ್ಡವರು, ಯಾರಿಗೆ ಹೆದರಬೇಕು ಎನ್ನುವುದು ಗೊತ್ತಾಗುವುದಿಲ್ಲ. ಅದನ್ನು ನಮಗೆ ಹೇಳುತ್ತಿದ್ದದ್ದು ಸಂಗೀತ.

ಇದಕ್ಕೆ ಒಂದು ಸಣ್ಣ ಸಾಕ್ಷಿಯಿದೆ. ಮೊದಲ ಭಾಗದ ಕನ್ನಡ ಅವತರಣಿಕೆಯಲ್ಲಿ 1970ರ ‘ಪರೋಪಕಾರಿ’ ಚಿತ್ರದ ಹಳೆಯ ಹಾಡೊಂದನ್ನು ಮತ್ತೆ ಬಳಸಿದರು. ಅದು ಮೂಲದಲ್ಲಿ ಉಪೇಂದ್ರ ಕುಮಾರ್ ಅವರ ಸಂಗೀತ, ಎಲ್.ಆರ್. ಈಶ್ವರಿ ಅವರ ಕಂಠ. ಹಿಂದಿಯಲ್ಲಿ ಅದೇ ಜಾಗಕ್ಕೆ ಹಿಂದಿಯದ್ದೇ ಹಳೆಯ ಹಾಡೊಂದು ಹೊಸ ವೇಷ ಹಾಕಿಕೊಂಡು ಬಂತು. ಹಾಡು ಬದಲಾಯಿತು, ಕುಣಿದ ನಟಿ ಬದಲಾದರು, ಸಿನಿಮಾಕ್ಕೆ ಏನೂ ಆಗಲಿಲ್ಲ. ಹಿನ್ನೆಲೆ ಸಂಗೀತವನ್ನು ಹೀಗೆ ಬದಲಿಸಲು ಯಾರೂ ಯೋಚಿಸಿರಲಾರರು. ಐದು ಭಾಷೆಗಳಲ್ಲೂ ಅದೇ ಸದ್ದು. ಮಾತು ಬದಲಾದಾಗಲೂ ಬದಲಾಗದೆ ಉಳಿದದ್ದು ಅದೇ. ಆ ಅರ್ಥದಲ್ಲಿ ಸಿನಿಮಾದ ನಿಜವಾದ ಭಾಷೆ ಬಸ್ರೂರು ಅವರದ್ದು.

ಇಲ್ಲಿಯವರೆಗೆ ಹೇಳಿದ್ದೆಲ್ಲ ಮೆಚ್ಚುಗೆ. ಈಗ ನನ್ನ ತಕರಾರಿಗೆ ಬರುತ್ತೇನೆ.

ಬಂಗಾರಪೇಟೆಯಿಂದ ಹೊರಡುವ ಕವಲು ದಾರಿಯ ರೈಲು ಕೋರಮಂಡಲ್, ಉರಿಗಾಂ, ಚಾಂಪಿಯನ್ ದಾಟಿ ಮಾರಿಕುಪ್ಪಂಗೆ ಹೋಗಿ ನಿಲ್ಲುತ್ತದೆ. ಈ ನಿಲ್ದಾಣಗಳ ಸುತ್ತಲಿದ್ದದ್ದೇ ನಿಜವಾದ ಕೆಜಿಎಫ್. 1880ರಲ್ಲಿ ಜಾನ್ ಟೇಲರ್ ಕಂಪನಿ ಇಲ್ಲಿ ಕಾಲಿಟ್ಟಿತು. 1902ರಲ್ಲಿ ಶಿವನಸಮುದ್ರದಿಂದ ನೂರ ನಲವತ್ತಕ್ಕೂ ಹೆಚ್ಚು ಕಿಲೋಮೀಟರ್ ದೂರ ತಂತಿ ಎಳೆದು ಈ ಗಣಿಗಳಿಗೆ ವಿದ್ಯುತ್ ತಂದರು. ಚಾಂಪಿಯನ್ ರೀಫ್ ಗಣಿ ಮೂರು ಕಿಲೋಮೀಟರಿಗಿಂತ ಆಳಕ್ಕೆ ಇಳಿಯಿತು. ಸುಮಾರು 120 ವರ್ಷಗಳಲ್ಲಿ ಹತ್ತಿರ ಹತ್ತಿರ 800 ಟನ್ ಚಿನ್ನ ತೆಗೆದ ಮೇಲೆ, 2001ರ ಫೆಬ್ರವರಿ 28ರಂದು ಭಾರತ್ ಗೋಲ್ಡ್ ಮೈನ್ಸ್ ಬಾಗಿಲು ಹಾಕಿತು.

ಆ ಊರಿಗೆ ಅದರದ್ದೇ ಸದ್ದುಗಳಿದ್ದವು. ಪಾಳಿ ಬದಲಾಗುವಾಗ ಕೂಗುವ ಸೈರನ್. ಊರಿನ ಗಡಿಯಾರ ಅದೇ. ಬಿಳಿಗಲ್ಲನ್ನು ಕುಟ್ಟಿ ಪುಡಿ ಮಾಡುವ ಗಿರಣಿಯ ಬಡಿತ. ಶಾಫ್ಟಿನ ಬಾಯಲ್ಲಿ ಕೇಜ್ ಮೇಲೆ ಬರಬೇಕೋ ಕೆಳಗಿಳಿಯಬೇಕೋ ಎಂದು ಹೇಳುವ ಗಂಟೆ. ಭಾನುವಾರ ಇಗರ್ಜಿಯ ಪ್ರಾರ್ಥನೆ, ಸಾಹೇಬರ ಕ್ಲಬ್ಬಿನಿಂದ ತೇಲಿ ಬರುವ ಇಂಗ್ಲಿಷ್ ಕುಣಿತದ ಸಂಗೀತ, ಸಾವಿನ ಮನೆಯ ಮುಂದೆ ತಮಟೆ, ಲೈನ್ ಮನೆಗಳ ರೇಡಿಯೊದಲ್ಲಿ ತಮಿಳು ಹಾಡು, ಬೀದಿಯಲ್ಲಿ ತಮಿಳು ತೆಲುಗು ಕನ್ನಡ ಮೂರೂ ಕಲೆಸಿದ ಜಗಳ. ಇದೆಲ್ಲಕ್ಕಿಂತ ಭಯದ ಸದ್ದು ಇನ್ನೊಂದಿತ್ತು. ನೆಲದಾಳದಲ್ಲಿ ಬಂಡೆ ಒತ್ತಡ ತಾಳಲಾರದೆ ಸಿಡಿಯುತ್ತಿತ್ತು. ಊರಿನವರು ಅದನ್ನು ‘ಏರ್‌ಬ್ಲಾಸ್ಟ್’ ಎನ್ನುತ್ತಿದ್ದರು. ಚಾಂಪಿಯನ್ ರೀಫಿನ ಲೈನ್ ಮನೆಯಲ್ಲಿ ಬಾಳಿದ ನಮ್ಮ ದೊಡ್ಡಮ್ಮ ಹೇಳುತ್ತಿದ್ದರು: ಗೂಡಿನ ಮೇಲಿನ ಪಾತ್ರೆಗಳು ಗಲಗಲ ಅಂದರೆ ಸಾಕು, ಲೈನಿನ ಹೆಂಗಸರೆಲ್ಲ ಬಾಗಿಲಿಗೆ ಬಂದು ನಿಲ್ಲುತ್ತಿದ್ದರಂತೆ. ಯಾರೂ ಮಾತಾಡುತ್ತಿರಲಿಲ್ಲವಂತೆ. ಯಾರ ಮನೆಯವರು ಯಾವ ಪಾಳಿಯಲ್ಲಿದ್ದಾರೆ ಎಂದು ಮನಸ್ಸಿನಲ್ಲೇ ಲೆಕ್ಕ ಹಾಕುತ್ತಿದ್ದರಂತೆ.

‘ಕೆಜಿಎಫ್’ ಸಿನಿಮಾದಲ್ಲಿಯೂ ಒಬ್ಬ ದೊಡ್ಡಮ್ಮ ಇದ್ದಾಳೆ. ಅದು ಎರಡನೇ ಭಾಗದಲ್ಲಿ ನಾಯಕ ಪೊಲೀಸ್ ಠಾಣೆಯ ಮೇಲೆ ಗುಂಡಿನ ಮಳೆಗರೆಯುವ ಮೆಷಿನ್‌ಗನ್ನಿನ ಹೆಸರು. ಕಾದು ಕೆಂಪಾದ ನಳಿಗೆಯಿಂದ ಅವನು ಸಿಗರೇಟು ಹಚ್ಚಿಕೊಳ್ಳುವಾಗ ಥಿಯೇಟರ್ ಹುಚ್ಚೆದ್ದು ಕುಣಿಯಿತು. ನಾನೂ ಶಿಳ್ಳೆಗಳ ನಡುವೆಯೇ ಕುಳಿತಿದ್ದೆ, ನನ್ನ ರೋಮವೂ ಎದ್ದಿತ್ತು. ಬಸ್ರೂರು ಅವರ ಸಂಗೀತಕ್ಕೆ ಆ ಬಲವಿದೆ. ಅದನ್ನು ಅಲ್ಲಗಳೆಯುವುದು ಸುಳ್ಳಾಗುತ್ತದೆ. ಆದರೆ ಯಾರಿಗಾಗಿ ಆ ಬಲ ಎಂಬ ಪ್ರಶ್ನೆ ಆಮೇಲೆ ಕಾಡಲು ಶುರುವಾಯಿತು.

‘ಅದು ಕಟ್ಟುಕಥೆ, ನರಾಚಿ ಅನ್ನುವುದು ಕಲ್ಪನೆಯ ಗಣಿ, ನಿಮ್ಮ ಊರಿನ ಸೈರನ್ನನ್ನು ಅಲ್ಲಿ ಹುಡುಕಬೇಡಿ’ ಎಂದು ಗೆಳೆಯರು ಹೇಳುತ್ತಾರೆ. ಮಾತು ಸರಿಯೇ. ಸಂಗೀತ ನಿರ್ದೇಶಕರು ಇತಿಹಾಸಕಾರರಾಗಬೇಕಿಲ್ಲ. ತೆರೆಯ ಮೇಲೆ ಇಲ್ಲದ್ದನ್ನು ಅವರು ಬಾರಿಸಲೂ ಆಗದು. ಸಿನಿಮಾ ನಡೆಯುವುದು 1951ರಿಂದ 1981ರ ನಡುವೆ. ಆ ವರ್ಷಗಳಲ್ಲಿ ನಿಜವಾದ ಕೆಜಿಎಫ್ ಮೈಸೂರು ಸರ್ಕಾರದ ಕೈಗೆ, ಆಮೇಲೆ ಕೇಂದ್ರ ಸರ್ಕಾರದ ಕೈಗೆ ಬಂದಿತ್ತು. ಅಲ್ಲಿ ಯೂನಿಯನ್ನುಗಳಿದ್ದವು, 1930ರಷ್ಟು ಹಿಂದೆಯೇ ದೊಡ್ಡ ಮುಷ್ಕರ ನಡೆದಿತ್ತು. ಇದನ್ನೆಲ್ಲ ಬಿಟ್ಟು ಗುಲಾಮರ ಗಣಿಯೊಂದನ್ನು ಕಟ್ಟಿದ್ದು ಕಥೆಗಾರರು. ಆ ಹೊಣೆಯನ್ನು ಬಸ್ರೂರು ಅವರ ತಲೆಗೆ ಕಟ್ಟುವುದು ನ್ಯಾಯವಲ್ಲ.

ಹಾಗಾಗಿ ನಾನು ಸಿನಿಮಾದ ಒಳಗೇ ನಿಂತು ಕೇಳುತ್ತೇನೆ. ನರಾಚಿಯಲ್ಲಿ ಸಾವಿರಾರು ಜನ ಗುದ್ದಲಿ ಹಿಡಿದಿದ್ದಾರೆ. ಅವರಿಗಾಗಿ ಸಂಗೀತದಲ್ಲಿ ಏನಿದೆ? ಹಾಡುಗಳನ್ನು ಒಂದೊಂದಾಗಿ ನೆನಪಿಸಿಕೊಳ್ಳಿ. ಅನನ್ಯಾ ಭಟ್ ಹಾಡಿದ ‘ಗರ್ಭದಿ’, ಸುಚೇತಾ ಬಸ್ರೂರು ಹಾಡಿದ ‘ಗಗನ ನೀ’, ಇವು ತಾಯಿ ಮಗನ ನಂಟಿನವು, ಎರಡೂ ಸುಂದರವಾಗಿವೆ. ‘ಮೆಹಬೂಬಾ’ ಪ್ರೇಮದ್ದು. ಉಳಿದವು ಗುಂಪು ಹಾಡುವ ಹಾಡುಗಳು, ಅವೆಲ್ಲ ನಾಯಕನ ಬಿರುದಾವಳಿ. ಗುಂಪು ತನ್ನ ಬಗ್ಗೆ ತಾನು ಹಾಡಿಕೊಳ್ಳುವ ಒಂದು ಹಾಡೂ ಇಲ್ಲ. ಕೆಲಸದ ಹಾಡಿಲ್ಲ, ಸತ್ತವರಿಗೆ ಅಳುವ ಹಾಡಿಲ್ಲ, ಹೊಟ್ಟೆ ತುಂಬಿದ ದಿನದ ಕುಣಿತವಿಲ್ಲ. ಆ ಬೃಹತ್ ಮೇಳದ ಕಂಠಗಳೆಲ್ಲ ಒಬ್ಬನ ಕಡೆಗೇ ತಿರುಗಿವೆ. ಮೊದಲ ಭಾಗದ ಕೊನೆಯಲ್ಲಿ, ಕಾಳಿಯ ಮುಂದೆ ಬಲಿಗೆ ತಂದವರ ನಡುವಿನಿಂದ ಎದ್ದು ಬಂದು ನಾಯಕ ಗರುಡನನ್ನು ಕೊಲ್ಲುತ್ತಾನಲ್ಲ, ಆಗ ನಗಾರಿಗಳು ಮುಗಿಲು ಮುಟ್ಟುತ್ತವೆ. ಬಿಡುಗಡೆ ಜನರದ್ದು. ಸದ್ದು ಅವನದ್ದು. ತುಳಿದವನು ಹೋದ ಮೇಲೆ ಜನರ ಗಂಟಲಿನಿಂದ ಬಂದದ್ದು ಹೊಸ ಒಡೆಯನ ಹೆಸರು. ಸಿನಿಮಾ ಇದನ್ನು ಗಮನಿಸುವುದಿಲ್ಲ, ಸಂಗೀತ ಗಮನಿಸಬಹುದಿತ್ತು. ಹಿನ್ನೆಲೆ ಸಂಗೀತಕ್ಕೆ ಚಿತ್ರಕಥೆಗಿಂತ ಒಂದು ಕಣ್ಣು ಹೆಚ್ಚಿರಲು ಸಾಧ್ಯ.

ಈ ಮಾತು ಬರಿಯ ಆಸೆಯಲ್ಲ ಎನ್ನುವುದಕ್ಕೆ ಪಕ್ಕದಲ್ಲೇ ಉದಾಹರಣೆಯಿದೆ. 2024ರ ಆಗಸ್ಟ್‌ನಲ್ಲಿ ಪಾ. ರಂಜಿತ್ ಅವರ ತಮಿಳು ಚಿತ್ರ ‘ತಂಗಲಾನ್’ ಬಂತು. ಅದೂ ಕೋಲಾರದ ಚಿನ್ನದ ಕಥೆಯೇ. ಉತ್ತರ ಆರ್ಕಾಟಿನ ಕಡೆಯ ಜನ ಬ್ರಿಟಿಷ್ ಅಧಿಕಾರಿಯೊಬ್ಬನ ಹಿಂದೆ ಚಿನ್ನ ಹುಡುಕಿ ಹೊರಡುವ 19ನೇ ಶತಮಾನದ ಕಲ್ಪನೆ. ಸಂಗೀತ ಜಿ.ವಿ. ಪ್ರಕಾಶ್ ಕುಮಾರ್ ಅವರದ್ದು. ಅದರಲ್ಲೂ ಚರ್ಮವಾದ್ಯಗಳ ಅಬ್ಬರವಿದೆ, ಅದೂ ಕಟ್ಟುಕಥೆಯೇ. ಆದರೆ ಅಲ್ಲಿ ಬಡಿತ ಹುಟ್ಟುವುದು ಅಗೆಯುವವರ, ಕುಣಿಯುವವರ ಮೈಯಿಂದ. ಊರಿನ ಹೆಂಗಸರು ಮೊದಲ ಬಾರಿ ರವಿಕೆ ತೊಟ್ಟ ಸಂಭ್ರಮಕ್ಕೇ ಒಂದು ಹಾಡಿದೆ. ಯಾವ ನಾಯಕನ ಹೊಗಳಿಕೆಯೂ ಅಲ್ಲದ, ತಮಗೆ ತಾವೇ ಖುಷಿಪಡುವ ಹಾಡು ಅದು. ‘ತಂಗಲಾನ್’ ಸಂಗೀತದಲ್ಲಿಯೂ ಕೊರತೆಗಳಿವೆ. ದ್ವಿತೀಯಾರ್ಧದಲ್ಲಿ ಸದ್ದಿನ ಮೇಲೆ ಸದ್ದು ಬಿದ್ದು ಕಿವಿ ದಣಿಯುತ್ತದೆ. ಕಿವಿಯಲ್ಲಿ ಉಳಿಯುವ ಗುಣದಲ್ಲಿ ಅದು ಬಸ್ರೂರು ಅವರ ಕೆಲಸದ ಹತ್ತಿರವೂ ಬರುವುದಿಲ್ಲ. ಆದರೂ ಗಣಿಯ ಜನಕ್ಕೆ ಸ್ವಂತದ ಗಂಟಲು ಇತ್ತು ಎನ್ನುವುದನ್ನು ಅದು ಮರೆಯಲಿಲ್ಲ.

ಕೋಲಾರದ ಸೀಮೆಯಲ್ಲಿ ಆ ಗಂಟಲನ್ನು ಹುಡುಕಿಕೊಂಡು ದೂರ ಹೋಗಬೇಕಿಲ್ಲ. ತಮಟೆಯ ಪಿಂಡಿಪಾಪನಹಳ್ಳಿ ಮುನಿವೆಂಕಟಪ್ಪ ಅವರಿಗೆ 2023ರಲ್ಲಿ ಪದ್ಮಶ್ರೀ ಬಂತು. ಈಗ ಚಿಕ್ಕಬಳ್ಳಾಪುರ ಜಿಲ್ಲೆಗೆ ಸೇರಿದ ಅವರ ಊರು 2007ರವರೆಗೆ ಕೋಲಾರ ಜಿಲ್ಲೆಯಲ್ಲೇ ಇತ್ತು. ಕೋಟಿಗಾನಹಳ್ಳಿ ರಾಮಯ್ಯ ಮತ್ತು ಗೆಳೆಯರು ಕಟ್ಟಿದ ತೇರಹಳ್ಳಿ ಬೆಟ್ಟದ ‘ಆದಿಮ’ದಲ್ಲಿ ಹುಣ್ಣಿಮೆ ರಾತ್ರಿಗಳಲ್ಲಿ ಹಾಡು ನಡೆದದ್ದನ್ನು ಈ ಭಾಗದವರು ಬಲ್ಲರು. ಒಂದೇ ತಮಟೆ ಸಾವಿಗೂ ಜಾತ್ರೆಗೂ ಹೋರಾಟಕ್ಕೂ ಬೇರೆ ಬೇರೆ ಹೆಜ್ಜೆಯಲ್ಲಿ ಮಾತಾಡುತ್ತದೆ. ನರಾಚಿಯ ನಗಾರಿಗೆ ಇರುವುದು ಒಂದೇ ಹೆಜ್ಜೆ, ಅದು ನಾಯಕ ನಡೆದು ಬರುವ ಹೆಜ್ಜೆ.

ಬಸ್ರೂರು ಅವರಿಗೆ ಊರಿನ ಸದ್ದು ಕೇಳಿಸುವುದಿಲ್ಲ ಎಂದು ಯಾರಾದರೂ ಅಂದರೆ ನಾನು ಒಪ್ಪುವುದಿಲ್ಲ. ಈ ಲೇಖನ ಬರೆಯಲು ನನಗೆ ಮನಸ್ಸಾದದ್ದೇ ಅದರಿಂದ. ಅವರದ್ದು ಇನ್ನೊಂದು ಬದುಕಿದೆ. ದೇಶಕ್ಕೆ ಅಷ್ಟಾಗಿ ಗೊತ್ತಿಲ್ಲದ್ದು. ಅವರೇ ನಿರ್ದೇಶಿಸಿದ ‘ಬಿಲಿಂಡರ್’, ‘ಕಟಕ’, ಮಕ್ಕಳೇ ದೊಡ್ಡವರ ಪಾತ್ರ ಮಾಡಿದ ‘ಗಿರ್ಮಿಟ್’. 2025ರಲ್ಲಿ ಬಂದ ‘ವೀರ ಚಂದ್ರಹಾಸ’ ಇಡೀ ಯಕ್ಷಗಾನವನ್ನೇ ತೆರೆಗೆ ತಂದ ಸಾಹಸ, ಪಾತ್ರಧಾರಿಗಳೂ ಯಕ್ಷಗಾನದವರೇ. ಈ ಸಿನಿಮಾಗಳು ಸಿನಿಮಾಗಳಾಗಿ ಏರುಪೇರಾಗಿವೆ, ಕೆಲವು ಕಡೆ ಹದ ತಪ್ಪಿವೆ. ಆದರೆ ಅಲ್ಲಿ ಕುಂದಾಪುರದ ಮಾತಿನ ಲಯ ಗೊತ್ತಿರುವ ಕಿವಿ ಕೆಲಸ ಮಾಡುತ್ತಿದೆ. ಚೆಂಡೆಗೆ ಯಾವಾಗ ಎದ್ದು ನಿಲ್ಲಬೇಕು, ಮದ್ದಳೆಗೆ ಯಾವಾಗ ಬಿಟ್ಟುಕೊಡಬೇಕು ಎನ್ನುವುದು ಅವರಿಗೆ ಯಾರೂ ಹೇಳಿಕೊಡಬೇಕಿಲ್ಲ. ಯಕ್ಷಗಾನದಲ್ಲಿ ಚೆಂಡೆ ರಾಜನಿಗೂ ಏಳುತ್ತದೆ, ರಕ್ಕಸನಿಗೂ ಏಳುತ್ತದೆ. ಭಾಗವತರ ಹಾಡು ದೂತನ ಪಾಲಿಗೂ ಒಂದಷ್ಟು ಸಿಗುತ್ತದೆ. ಆ ನ್ಯಾಯ ತಿಳಿದವರು ನರಾಚಿಗೆ ಬಂದಾಗ ಅದನ್ನು ಬಸ್ರೂರಿನಲ್ಲೇ ಬಿಟ್ಟು ಬಂದರಲ್ಲ ಎನ್ನುವುದು ನನ್ನ ಕೊರಗು. ತನ್ನ ಊರಿಗೆ ಕಿವಿಗೊಡುವ ಕಲಾವಿದ ಬೇರೆಯವರ ಊರಿಗೂ ಕಿವಿಗೊಡಲಿ ಎಂದು ಕೇಳುವುದು ದುಬಾರಿ ಬೇಡಿಕೆಯೇನಲ್ಲ.

ಗೆಲುವು ಇನ್ನೊಂದು ಕೆಲಸವನ್ನೂ ಮಾಡಿತು. ‘ಕೆಜಿಎಫ್’ ಆದ ಮೇಲೆ ಅವರನ್ನು ಕರೆದವರೆಲ್ಲ ಕರೆದದ್ದು ಆ ಸದ್ದಿಗಾಗಿಯೇ ಎನಿಸುತ್ತದೆ. ‘ಕಬ್ಜ’ ನೋಡಿ, ‘ಸಲಾರ್’ ನೋಡಿ. ಅದೇ ಸುತ್ತುವ ತಂತಿ, ಅದೇ ಮೇಳ, ಅದೇ ನಿಶ್ಶಬ್ದ, ಅದೇ ಪೆಟ್ಟು. ‘ಸಲಾರ್’ನ ಖಾನ್ಸಾರ್ ಊರಿಗೂ ನರಾಚಿಗೂ ಕಣ್ಣು ಮುಚ್ಚಿದರೆ ವ್ಯತ್ಯಾಸ ಗೊತ್ತಾಗುವುದು ಕಷ್ಟ. ನಾಣ್ಯ ಚಲಾವಣೆಯಾದಷ್ಟೂ ಅದರ ಮೇಲಿನ ಮುಖ ಸವೆಯುತ್ತದೆ. ಮಾರುಕಟ್ಟೆ ಒಬ್ಬ ಕಲಾವಿದನಿಂದ ಒಂದನ್ನೇ ಮತ್ತೆ ಮತ್ತೆ ಕೇಳಿದಾಗ, ಬೇರೆ ಕೊಡಬಲ್ಲ ಅವನ ಶಕ್ತಿ ಊರಿನ ಸಣ್ಣ ಸಿನಿಮಾಗಳಲ್ಲಿ ಹೋಗಿ ಅಡಗಿಕೊಳ್ಳುತ್ತದೆ.

ಕಲ್ಪನೆಯ ಊರಿಗೆ ಸದ್ದು ಕೊಡುವ ಕೆಲಸ ಕನ್ನಡದ ನೆಲದಲ್ಲಿ ಹಿಂದೆಯೂ ನಡೆದಿತ್ತು. ಎಂಬತ್ತರ ದಶಕದಲ್ಲಿ ಶಂಕರ್ ನಾಗ್ ಆಗುಂಬೆಯಲ್ಲಿ ‘ಮಾಲ್ಗುಡಿ ಡೇಸ್’ ಧಾರಾವಾಹಿ ಮಾಡಿದಾಗ ಸಂಗೀತ ಕೊಟ್ಟವರು ಎಲ್. ವೈದ್ಯನಾಥನ್. ಮಾಲ್ಗುಡಿಯೂ ನರಾಚಿಯಂತೆ ಎಲ್ಲೂ ಇಲ್ಲದ ಊರು. ಅದಕ್ಕೆ ಅವರು ಕೊಟ್ಟದ್ದು ಒಂದು ಪುಟ್ಟ ಗುನುಗು. ಸೈಕಲ್ ತುಳಿಯುತ್ತಾ, ಪಾತ್ರೆ ತೊಳೆಯುತ್ತಾ ಯಾರು ಬೇಕಾದರೂ ಗುನುಗಬಹುದಾದದ್ದು. ಅದು ಸ್ವಾಮಿಗೂ ಸಲ್ಲುತ್ತದೆ, ಅಂಚೆಯವನಿಗೂ ಸಲ್ಲುತ್ತದೆ. ಇದೇ ವೈದ್ಯನಾಥನ್ 1987ರಲ್ಲಿ ಸಿಂಗೀತಂ ಶ್ರೀನಿವಾಸ ರಾವ್ ಅವರ ‘ಪುಷ್ಪಕ ವಿಮಾನ’ಕ್ಕೂ ಸಂಗೀತ ಕೊಟ್ಟರು. ಮಾತೇ ಇಲ್ಲದ ಸಿನಿಮಾ ಅದು. ಅಂಥ ಕಡೆ ಸಂಗೀತಗಾರ ಎಲ್ಲವನ್ನೂ ತಾನೇ ತುಂಬಿಬಿಡಬಹುದಿತ್ತು. ಅವರು ಹಾಗೆ ಮಾಡದೆ ಬೀದಿಯ ಸದ್ದಿಗೆ, ಮೌನಕ್ಕೆ ಜಾಗ ಬಿಟ್ಟರು.

ಮೌನದ ಮಾತು ಬಂದದ್ದರಿಂದ ಕೊನೆಯದಾಗಿ ಒಂದು ವಿಷಯ. ಬಸ್ರೂರು ಅವರ ದೊಡ್ಡ ಶಕ್ತಿ ಪೆಟ್ಟಿಗೆ ಮುಂಚಿನ ನಿಶ್ಶಬ್ದ ಎಂದೆ. ಅವರ ಕೆಲಸದಲ್ಲಿ ಅದು ಯಾವಾಗಲೂ ಮುಂದೆ ಬರುವ ಅಬ್ಬರದ ಆಳು. ಆದರೆ ಇವತ್ತಿನ ಕೆಜಿಎಫ್‌ನಲ್ಲಿ ಇರುವುದು ಯಾವ ಪೆಟ್ಟಿಗೂ ಕಾಯದ ನಿಶ್ಶಬ್ದ. ಸೈರನ್ ನಿಂತು ಇಪ್ಪತ್ತು ವರ್ಷಗಳ ಮೇಲಾಯಿತು. ಕೇಜ್ ಇಳಿಯುವುದಿಲ್ಲ. ಪಂಪುಗಳು ನಿಂತ ಮೇಲೆ ಸುರಂಗಗಳಲ್ಲಿ ನೀರು ತುಂಬಿಕೊಂಡಿದೆ. ಸೈನೈಡ್ ದಿಬ್ಬಗಳ ಮೇಲಿಂದ ಗಾಳಿ ಬೀಸಿದಾಗ ಧೂಳು ಮನೆಯೊಳಗೆ ಬರುತ್ತದೆ. ಬೆಳಗಿನ ಜಾವದ ರೈಲಿನಲ್ಲಿ ಮಾರಿಕುಪ್ಪಂ, ಉರಿಗಾಂನ ಸಾವಿರಾರು ಜನ ಬೆಂಗಳೂರಿಗೆ ದುಡಿಯಲು ಹೋಗುತ್ತಾರೆ. ರಾತ್ರಿ ಅದೇ ರೈಲಿನಲ್ಲಿ ತೂಕಡಿಸುತ್ತಾ ಬರುತ್ತಾರೆ. ಅವರ ಮೊಬೈಲುಗಳಲ್ಲಿ ಕೆಲವೊಮ್ಮೆ ಬಸ್ರೂರು ಅವರ ನಗಾರಿಯೇ ರಿಂಗ್‌ಟೋನಾಗಿ ಬಡಿಯುತ್ತದೆ. ಅವರಿಗೆ ಅದು ಹೆಮ್ಮೆಯೇ. ಆ ಹೆಮ್ಮೆಯನ್ನು ಕಿತ್ತುಕೊಳ್ಳುವ ಆಸೆ ನನಗಿಲ್ಲ. ಅವರು ತಮ್ಮ ಊರಿನ ಹೆಸರನ್ನು ಜಗತ್ತು ಕೂಗುವುದನ್ನು ಕೇಳಿದ್ದಾರೆ. ತಮ್ಮ ದನಿಯನ್ನು ಆ ಕೂಗಿನಲ್ಲಿ ಇನ್ನೂ ಕೇಳಿಲ್ಲ. ಅದನ್ನು ಕೇಳಿಸಬಲ್ಲ ಕಿವಿಯೂ ಕೈಯೂ ರವಿ ಬಸ್ರೂರು ಅವರಿಗೆ ಇವೆ ಎನ್ನುವುದಕ್ಕೆ ಅವರ ಕುಂದಾಪುರದ ಸಿನಿಮಾಗಳೇ ನನಗೆ ಪುರಾವೆ.